ಅಕ್ಕ-ತಂಗಿಯರ ಕಾದಂಬರಿಗಳನ್ನು ಮನೆಯ ಮಕ್ಕಳಿಗೆ ಓದಿ ಹೇಳುವ ಬಗೆ

ಕೊಪ್ಪಳದಲ್ಲಿ ಏಪ್ರಿಲ್ ಎರಡನೆಯ ವಾರಕ್ಕೆ ಶಾಲೆಗಳಿಗೆ ರಜೆ ಬಿದ್ದರೆ ಮೇ ಕೊನೆಯವರೆಗೆ ಮಕ್ಕಳು ಮನೆಯಲ್ಲೇ. ಹನ್ನೊಂದು ಗಂಟೆಯಿಂದ ಸಂಜೆ ಐದರವರೆಗೆ ಅಂಗಳಕ್ಕೆ ಕಾಲಿಡಲಾಗದಷ್ಟು ಬಿಸಿಲು. ಈ ಏಳು ವಾರಗಳ ಮಧ್ಯಾಹ್ನಗಳಲ್ಲಿ ಒಂದು ದೊಡ್ಡ ಕಾದಂಬರಿಯನ್ನು ಕನ್ನಡದಲ್ಲಿ ಓದಿ ಹೇಳಬೇಕೆಂದಿರುವ ತಾಯಂದಿರಿಗೆ, ಚಿಕ್ಕಮ್ಮಂದಿರಿಗೆ, ಸೋದರತ್ತೆಯರಿಗೆ ಮತ್ತು ಶಿಕ್ಷಕಿಯರಿಗೆ ಉಪಯೋಗವಾಗಲೆಂದು ನನ್ನ ಅನುಭವದಲ್ಲಿ ತಿಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ನಾನು ಓದಿ ಹೇಳಿದ್ದು ನನ್ನ ಅಕ್ಕನ ಇಬ್ಬರು ಹೆಣ್ಣುಮಕ್ಕಳಿಗೆ ಮತ್ತು ಓಣಿಯ ಮೂವರಿಗೆ. ಅವರಲ್ಲಿ ಹಿರಿಯಳಿಗೆ ಹದಿಮೂರು, ಕಿರಿಯಳಿಗೆ ಏಳು ವರ್ಷ.

ಮೊದಲು ಪುಸ್ತಕದ ಆಯ್ಕೆ. ಸಾಧಾರಣ ಮನೆಯಲ್ಲಿ ಬೆಳೆಯುವ ಅಕ್ಕ-ತಂಗಿಯರ ಕಥೆಗಳಲ್ಲಿ ಬಹಳ ಹೆಸರಾದದ್ದು ಲೂಯಿಸಾ ಮೇ ಆಲ್ಕಾಟ್ ಬರೆದ ‘ಲಿಟಲ್ ವಿಮೆನ್’. ಅದರ ಮೊದಲ ಭಾಗ 1868ರಲ್ಲಿ, ಎರಡನೆಯ ಭಾಗ 1869ರಲ್ಲಿ ಪ್ರಕಟವಾಯಿತು. ಮೆಗ್, ಜೋ, ಬೆತ್, ಏಮಿ ಎಂಬ ನಾಲ್ವರಿಗೆ ಕಥೆ ಶುರುವಾಗುವಾಗ ಕ್ರಮವಾಗಿ 16, 15, 13 ಮತ್ತು 12 ವರ್ಷ. ತಂದೆ ಅಮೆರಿಕದ ಅಂತರ್ಯುದ್ಧದಲ್ಲಿ ಸೈನಿಕರಿಗೆ ಪಾದ್ರಿಯಾಗಿ ಹೋಗಿದ್ದಾರೆ. ಸ್ನೇಹಿತನೊಬ್ಬನಿಗೆ ನೆರವಾಗಲು ಹೋಗಿ ಮನೆಯ ಆಸ್ತಿಯನ್ನು ಅವರು ಮೊದಲೇ ಕಳೆದುಕೊಂಡಿದ್ದಾರೆ. ಒಂಬತ್ತು ದಾಟಿದ ಮಕ್ಕಳಿಗೆ ಇದನ್ನು ಧೈರ್ಯವಾಗಿ ಹಿಡಿಯಬಹುದು. ಅದಕ್ಕಿಂತ ಚಿಕ್ಕವರೇ ಹೆಚ್ಚಿದ್ದರೆ ಸಿಡ್ನಿ ಟೇಲರ್ ಅವರ ‘ಆಲ್ ಆಫ್ ಎ ಕೈಂಡ್ ಫ್ಯಾಮಿಲಿ’ ಒಳ್ಳೆಯದು. 1951ರಲ್ಲಿ ಬಂದ ಈ ಪುಸ್ತಕದಲ್ಲಿ ನ್ಯೂಯಾರ್ಕಿನ ಯಹೂದಿ ಮನೆಯೊಂದರ ಐವರು ಹುಡುಗಿಯರಿದ್ದಾರೆ. ಅವರ ಅಪ್ಪನದು ಗುಜರಿ ಅಂಗಡಿ. ಇದರ ಅಧ್ಯಾಯಗಳು ಸಣ್ಣವು, ಒಂದೊಂದೂ ಒಂದು ಕಥೆಯಂತೆ ಮುಗಿಯುತ್ತದೆ. ಆಲ್ಕಾಟ್ ಅವರ ಇಂಗ್ಲಿಷ್ ಪಠ್ಯವು ಪ್ರಾಜೆಕ್ಟ್ ಗುಟೆನ್‌ಬರ್ಗ್ ತಾಣದಲ್ಲಿ ಉಚಿತವಾಗಿ ಸಿಗುವುದರಿಂದ ಮೊಬೈಲಿನಲ್ಲಿ ಇಳಿಸಿಕೊಂಡು ಎದುರಿಗಿಟ್ಟುಕೊಳ್ಳಬಹುದು. ಟೇಲರ್ ಅವರದನ್ನು ಕೊಳ್ಳಬೇಕಾಗುತ್ತದೆ.

ಆಯ್ಕೆಯಾದ ಮೇಲೆ ಎಲ್ಲಿಂದ ಶುರು ಮಾಡಬೇಕೆಂಬುದು ಮುಖ್ಯ, ಮತ್ತು ನಾನು ಎಡವಿದ್ದೂ ಅಲ್ಲೇ. ‘ಲಿಟಲ್ ವಿಮೆನ್’ ಹಿಡಿದು, ಮೊದಲ ಪುಟದಿಂದ ಒಂದು ಸಾಲೂ ಬಿಡದೆ ಕನ್ನಡಿಸುತ್ತ ಹೋದೆ. ಮೊದಲ ಅಧ್ಯಾಯದ ಕೊನೆಯ ಭಾಗವು ಜಾನ್ ಬನ್ಯನ್ ಬರೆದ ಹಳೆಯ ಧಾರ್ಮಿಕ ರೂಪಕಕಥೆಯೊಂದನ್ನು ನೆಚ್ಚಿಕೊಂಡಿದೆ; ಆ ಕಾಲದ ಅಮೆರಿಕದ ಮಕ್ಕಳಿಗೆ ಅದು ಬಾಯಿಪಾಠವಾಗಿತ್ತು, ನಮ್ಮ ಮಕ್ಕಳಿಗೆ ಹೆಸರೂ ಗೊತ್ತಿಲ್ಲ. ನಾನು ಬೆನ್ನ ಮೇಲಿನ ಹೊರೆಯನ್ನೂ ಸ್ವರ್ಗದ ನಗರವನ್ನೂ ವಿವರಿಸುತ್ತಿದ್ದಾಗ ಓಣಿಗೆ ನೀರಿನ ಟ್ಯಾಂಕರ್ ಬಂತು. ಐವರೂ ಕೊಡ ಹಿಡಿದು ಓಡಿದರು, ಮರಳಿ ಬಂದವರು ಇಬ್ಬರೇ. ತಪ್ಪು ನನ್ನದೇ ಆಗಿತ್ತು. ಆ ರೂಪಕದ ಭಾಗಗಳನ್ನೆಲ್ಲ ಮೊದಲ ಓದಿನಲ್ಲಿ ನಿಸ್ಸಂಕೋಚವಾಗಿ ಬಿಟ್ಟುಬಿಡಿ. ಕಥೆಗೆ ಕುಂದು ಬರುವುದಿಲ್ಲ.

ಮರುವಾರ ನಾನು ಹನ್ನೊಂದನೆಯ ಅಧ್ಯಾಯವನ್ನು ಮೊದಲಿಗೆ ತೆಗೆದುಕೊಂಡೆ, ನೀವೂ ಹಾಗೆಯೇ ಮಾಡಿರೆಂದು ಹೇಳುತ್ತೇನೆ. ಅದು ಜೂನ್ ಒಂದರಂದು, ರಜೆಯ ಮೊದಲ ದಿನದಂದು ಶುರುವಾಗುತ್ತದೆ. ಒಂದು ವಾರ ಯಾವ ಕೆಲಸವನ್ನೂ ಮಾಡದೆ ಬರೀ ಆರಾಮವಾಗಿರುತ್ತೇವೆ ಎನ್ನುತ್ತಾರೆ ಹುಡುಗಿಯರು. ತಾಯಿ ಬೈಯದೆ, ಆಗಲಿ ನೋಡೋಣ ಎಂದು ಒಪ್ಪುತ್ತಾಳೆ. ಶನಿವಾರ ತಾಯಿಯೂ ಕೆಲಸದಾಕೆಯೂ ರಜೆ ಹಾಕಿದಾಗ ಜೋ ಅಡುಗೆಗಿಳಿಯುತ್ತಾಳೆ. ರೊಟ್ಟಿ ಕರಕಲಾಗುತ್ತದೆ; ಅತಿಥಿಗಳ ಮುಂದೆ ಇಟ್ಟ ಸ್ಟ್ರಾಬೆರಿ ಹಣ್ಣಿನ ಮೇಲೆ ಸಕ್ಕರೆಯ ಬದಲು ಉಪ್ಪು ಬಿದ್ದಿರುತ್ತದೆ, ಕೆನೆ ಹುಳಿಯಾಗಿರುತ್ತದೆ. ಇದೇ ವಾರದಲ್ಲಿ ಬೆತ್ ಕಾಳು-ನೀರು ಹಾಕಲು ಮರೆತದ್ದರಿಂದ ಪಂಜರದ ಹಕ್ಕಿ ಸತ್ತುಹೋಗುತ್ತದೆ. ಓದು ಮುಗಿಸಿ ನಾನು ಏನನ್ನೂ ಕೇಳಲಿಲ್ಲ, ಆದರೆ ಮಕ್ಕಳು ತಮ್ಮತಮ್ಮ ಮನೆಯ ಲೆಕ್ಕ ಹಾಕತೊಡಗಿದರು: ನಳ ಬರುವ ದಿನ ನಸುಕಿನಲ್ಲಿ ಏಳುವವರು ಯಾರು, ರೊಟ್ಟಿ ಬಡಿಯುವವರು ಯಾರು, ಅಣ್ಣನ ತಾಟು ತೊಳೆಯುವವರು ಯಾರು. ಈ ಮಾತುಕತೆಗೆ ಹದಿನೈದು ನಿಮಿಷ ಬಿಟ್ಟುಕೊಡಿ. ನಡುವೆ ಬಾಯಿ ಹಾಕಬೇಡಿ. ಈ ಅಧ್ಯಾಯದಿಂದ ಮಕ್ಕಳಿಗೆ ನಾಲ್ವರ ಸ್ವಭಾವವೂ ಗುರುತಾಗುತ್ತದೆ, ಆಮೇಲೆ ಹಿಂದಿನ ಅಧ್ಯಾಯಗಳಿಗೆ ಹೋದರೆ ಅವರು ಪರಿಚಯದವರಾಗಿರುತ್ತಾರೆ.

ಕನ್ನಡಿಸುವಾಗ ಮೊದಲು ತೀರ್ಮಾನಿಸಬೇಕಾದದ್ದು ಕರೆಯುವ ಬಗೆ. ಇಂಗ್ಲಿಷಿನ ಒಂದೇ ಮಾತು ಅಕ್ಕನಿಗೂ ತಂಗಿಗೂ ಸಲ್ಲುತ್ತದೆ, ನಮ್ಮಲ್ಲಿ ಬಾಯಿ ತೆರೆದ ಕೂಡಲೇ ಯಾರು ದೊಡ್ಡವರೆಂದು ಹೇಳಲೇಬೇಕು. ಮೂಲದಲ್ಲಿ ಏಮಿ ತನಗಿಂತ ದೊಡ್ಡವರನ್ನು ಹೆಸರು ಹಿಡಿದೇ ಕರೆಯುತ್ತಾಳೆ. ನಾನೂ ಹಾಗೆಯೇ ಓದಿದಾಗ ಏಳು ವರ್ಷದವಳು ತಡೆದು, ‘ಆಕಿ ದೊಡ್ಡಾಕಿ ಅಲ್ಲೇನು, ಹೆಸರ ಹಿಡದು ಯಾಕ ಕರೀತಾಳ?’ ಎಂದಳು. ಆ ದಿನದಿಂದ ನಮ್ಮ ಓದಿನಲ್ಲಿ ಮೆಗಕ್ಕ, ಜೋ ಅಕ್ಕ ಎಂದಾಯಿತು. ತಾಯಿ ಅವ್ವ ಆದಳು. ಜೋ ಸಂಬಳಕ್ಕಿರುವ ಸಿಡುಕಿನ ಮಾರ್ಚ್ ಅತ್ತೆಯು ತಂದೆಗೇ ಅತ್ತೆಯಾದ್ದರಿಂದ ಮಕ್ಕಳಿಗೆ ಅಜ್ಜಿಯಾದಳು. ಇದರಿಂದ ಒಂದು ಅನಿರೀಕ್ಷಿತ ಲಾಭವಾಯಿತು. ಎಂಟನೆಯ ಅಧ್ಯಾಯದ ಜಗಳದಲ್ಲಿ ನಾನು ‘ಅಕ್ಕ’ ಎಂಬುದನ್ನು ಉದುರಿಸಿ ಏಮಿಯ ಬಾಯಲ್ಲಿ ಬರೀ ‘ಜೋ’ ಎಂದು ಹೇಳಿಸಿದೆ. ಐವರೂ ತಲೆ ಎತ್ತಿದರು. ಸಿಟ್ಟು ಎಷ್ಟರ ಮಟ್ಟದ್ದೆಂದು ಬೇರೆ ವಿಶೇಷಣ ಹುಡುಕುವ ಅಗತ್ಯವೇ ಬೀಳಲಿಲ್ಲ.

ಆ ಎಂಟನೆಯ ಅಧ್ಯಾಯವನ್ನು ಮೆದುಗೊಳಿಸಬಾರದು. ನಾಟಕಕ್ಕೆ ತನ್ನನ್ನು ಕರೆದೊಯ್ಯಲಿಲ್ಲವೆಂಬ ಸಿಟ್ಟಿನಲ್ಲಿ ಏಮಿ, ಜೋ ವರ್ಷಗಟ್ಟಲೆ ಕೈಯಿಂದ ಬರೆದ ಕಥೆಗಳ ಪುಸ್ತಕವನ್ನು ಒಲೆಗೆ ಹಾಕುತ್ತಾಳೆ. ಅದು ಜೋಗೆ ಗೊತ್ತಾದ ಮರುದಿನ ಹೆಪ್ಪುಗಟ್ಟಿದ ಹೊಳೆಯ ಮೇಲೆ ಜಾರಲು ಹೋದಾಗ, ನಡುವಿನ ಮಂಜು ತೆಳ್ಳಗಿದೆಯೆಂಬ ಎಚ್ಚರಿಕೆಯನ್ನು ಜೋ ಕೇಳಿಸಿಕೊಂಡೂ ಹಿಂದೆ ಬರುತ್ತಿರುವ ತಂಗಿಗೆ ಹೇಳುವುದಿಲ್ಲ. ಏಮಿ ನೀರಿಗೆ ಬೀಳುತ್ತಾಳೆ. ಇಲ್ಲಿ ಹೆಪ್ಪುಗಟ್ಟಿದ ಹೊಳೆಯನ್ನು ವಿವರಿಸಲು ಫ್ರಿಜ್ಜಿನ ಮಂಜುಗಡ್ಡೆಯ ಉದಾಹರಣೆ ಸಾಲದು, ಏಕೆಂದರೆ ಅದರ ಕೆಳಗೆ ಆಳವಿಲ್ಲ. ಬೇಸಿಗೆಯಲ್ಲಿ ಬತ್ತುವ ಕೆರೆಯನ್ನು ನೆನಪಿಸಿ: ಮೇಲೆ ಒಣಗಿ ಬಿರುಕುಬಿಟ್ಟ ಹಕ್ಕಳೆ, ಗಟ್ಟಿಯೆಂದು ಕಾಲಿಟ್ಟರೆ ಮೊಣಕಾಲವರೆಗೆ ಹುದುಲು. ದನ ಸಿಕ್ಕಿಬಿದ್ದದ್ದನ್ನು ನೋಡಿದ ಮಕ್ಕಳಿಗೆ ಆ ಹುಡುಗಿಯ ಹೆದರಿಕೆ ತಕ್ಷಣ ತಿಳಿಯುತ್ತದೆ. ತಪ್ಪು ಯಾರದೆಂದು ಓದಿ ಹೇಳುವವರು ತೀರ್ಪು ಕೊಡಬಾರದು. ನಮ್ಮಲ್ಲಿ ಆ ವಾದ ಎರಡು ದಿನ ನಡೆಯಿತು. ಸ್ವಂತ ತಂಗಿಯಿರುವ ಇಬ್ಬರು ಜೋ ಪರ, ಉಳಿದ ಮೂವರು ಏಮಿಯ ಪರ.

ಹಣದ ವಿಷಯಕ್ಕೆ ಬರುತ್ತೇನೆ, ಏಕೆಂದರೆ ಈ ಕಾದಂಬರಿಯನ್ನು ನೀತಿಕಥೆಯಂತೆ ಓದುವವರು ತಪ್ಪಿಸಿಕೊಳ್ಳುವುದು ಇದನ್ನೇ. ಬಹುತೇಕ ಪ್ರತಿ ಅಧ್ಯಾಯದಲ್ಲೂ ಯಾವುದೋ ಒಂದು ವಸ್ತುವಿಗೆ ಬೆಲೆಯಿದೆ. ಡಾಲರನ್ನು ಇಂದಿನ ರೂಪಾಯಿಗೆ ಪರಿವರ್ತಿಸಿದರೆ ಲೆಕ್ಕ ಅಡ್ಡದಾರಿ ಹಿಡಿಯುತ್ತದೆ. ಪುಸ್ತಕದ ಒಳಗಿನ ಅಳತೆಯನ್ನೇ ಬಳಸಿ. ಆರಂಭದ ಕ್ರಿಸ್ಮಸ್ಸಿನಲ್ಲಿ ಪ್ರತಿಯೊಬ್ಬಳ ಬಳಿ ಇರುವುದು ಒಂದೇ ಒಂದು ಡಾಲರ್, ಅದನ್ನು ನಾಲ್ವರೂ ತಾಯಿಯ ಉಡುಗೊರೆಗೆ ಖರ್ಚು ಮಾಡುತ್ತಾರೆ. ಹಾಗಾದರೆ ಒಂದು ಡಾಲರೆಂದರೆ ಒಬ್ಬ ಹುಡುಗಿಯ ಇಡೀ ಹಬ್ಬ. ಈ ಅಳತೆ ಮನಸ್ಸಿನಲ್ಲಿದ್ದರೆ, ಹದಿನೈದನೆಯ ಅಧ್ಯಾಯದಲ್ಲಿ ಆಸ್ಪತ್ರೆಯಲ್ಲಿರುವ ತಂದೆಯ ಬಳಿ ತಾಯಿ ಹೊರಡುವಾಗ ಜೋ ತನ್ನ ಕೂದಲು ಮಾರಿ ತರುವ 25 ಡಾಲರು ಎಷ್ಟು ದೊಡ್ಡ ಮೊತ್ತವೆಂದು ಯಾರೂ ಬಿಡಿಸಿ ಹೇಳಬೇಕಿಲ್ಲ.

ಈ ಅಧ್ಯಾಯವನ್ನು ಕೊಪ್ಪಳದಲ್ಲಿ ಓದುವುದೆಂದರೆ ಬೇರೆಯೇ ಮಾತು. ಊರಿಗೆ ಅಂಟಿಕೊಂಡಿರುವ ಭಾಗ್ಯನಗರದಲ್ಲಿ ಕೂದಲು ಒಂದು ಉದ್ಯಮ. ಬಾಚುವಾಗ ಉದುರಿದ ಕೂದಲಿನ ಉಂಡೆಗಳನ್ನು ಸಿಕ್ಕು ಬಿಡಿಸಿ, ಉದ್ದದ ಪ್ರಕಾರ ವಿಂಗಡಿಸಿ, ಕಟ್ಟು ಕಟ್ಟಿ ಹೊರಗೆ ಕಳಿಸುತ್ತಾರೆ, ಮತ್ತು ಆ ಕೆಲಸದಲ್ಲಿ ಹೆಂಗಸರ ಕೈ ದೊಡ್ಡದು. ಕ್ಷೌರದಂಗಡಿಯ ಕಿಟಕಿಯಲ್ಲಿ ಬೆಲೆ ಬರೆದಿಟ್ಟ ಜಡೆಗಳನ್ನು ಜೋ ನೋಡಿದಳು, ತನ್ನದಕ್ಕಿಂತ ತೆಳುವಾದ ಕಪ್ಪು ಜಡೆಯೊಂದಕ್ಕೆ 40 ಡಾಲರ್ ಇತ್ತು ಎಂಬಲ್ಲಿಗೆ ಬಂದಾಗ, ಓಣಿಯ ಹುಡುಗಿಯೊಬ್ಬಳು ಎದ್ದು ಮೊಳಕೈವರೆಗೆ ಕೈಯಿಟ್ಟು ತೋರಿಸಿದಳು: ‘ಇಷ್ಟ ಉದ್ದ ಇದ್ರ ರೇಟ ಬ್ಯಾರೆ, ಗಿಡ್ಡದಕ್ಕ ಬ್ಯಾರೆ.’ ಆಕೆಯ ಅಜ್ಜಿ ಸಿಕ್ಕು ಬಿಡಿಸುವ ಕೆಲಸ ಮಾಡುತ್ತಾರೆ. ಜೋ ಮಾರಲು ಬಂದ ಕೂದಲಿನ ಬಣ್ಣಕ್ಕೆ ಬೇಡಿಕೆಯಿಲ್ಲವೆಂದು ಕ್ಷೌರಿಕ ಮೊದಲು ಹಿಂಜರಿದದ್ದೂ ಆಕೆಗೆ ಸಹಜವಾಗಿಯೇ ಕಂಡಿತು. ಅನೇಕರು ಈ ದೃಶ್ಯವನ್ನು ತ್ಯಾಗವೆಂದು ಹೊಗಳಿ ಮುಗಿಸುತ್ತಾರೆ. ನೀವು ಅಧ್ಯಾಯದ ಕೊನೆಯ ಪುಟವನ್ನೂ ತಪ್ಪದೆ ಓದಿ: ಅಂದು ರಾತ್ರಿ ಎಲ್ಲರೂ ಮಲಗಿದ ಮೇಲೆ ಜೋ ಅಳುತ್ತಾಳೆ, ಅಪ್ಪನಿಗಾಗಿಯೋ ಎಂದು ಅಕ್ಕ ಕೇಳಿದರೆ ಅಲ್ಲ, ತನ್ನ ಕೂದಲಿಗಾಗಿ ಎನ್ನುತ್ತಾಳೆ.

ಏಳನೆಯ ಅಧ್ಯಾಯದ ಉಪ್ಪು ಹಾಕಿದ ಲಿಂಬೆಹಣ್ಣಿಗೆ ವಿವರಣೆಯೇ ಬೇಡ. ಅಡುಗೆಮನೆಯ ಭರಣಿಯನ್ನು ತಂದಿಟ್ಟರೆ ಸಾಕು. ಶಾಲೆಯಲ್ಲಿ ಹುಡುಗಿಯರು ಲಿಂಬೆಹಣ್ಣನ್ನು ಸಾಲ ಕೊಟ್ಟು ತೀರಿಸಿಕೊಳ್ಳುವುದು ನಮ್ಮಲ್ಲಿ ಚಿಗಳಿ, ಪೇರಲಕಾಯಿ ಹಂಚಿಕೊಳ್ಳುವುದರ ಹಾಗೆಯೇ. ಮೇಷ್ಟ್ರು ಏಮಿಯ ಇಪ್ಪತ್ನಾಲ್ಕು ಹಣ್ಣುಗಳನ್ನು ಎರಡೆರಡರಂತೆ ಕಿಟಕಿಯಿಂದ ಎಸೆಸಿ ಅಂಗೈಗೆ ಹೊಡೆಯುವ ಭಾಗವನ್ನು ಓದುವಾಗ ಮಾತ್ರ ಮಕ್ಕಳ ಮುಖ ನೋಡುತ್ತಿರಿ. ಕೆಲವರು ಹೇಳಿಕೊಳ್ಳಬೇಕಾದದ್ದನ್ನು ಅಂದೇ ಹೇಳಿಕೊಳ್ಳುತ್ತಾರೆ.

ಚಿಕ್ಕವರನ್ನು ಹಿಡಿದಿಡಲು ಟೇಲರ್ ಅವರ ಪುಸ್ತಕದಿಂದ ಒಂದು ಆಟ ತೆಗೆದುಕೊಳ್ಳಬಹುದು. ಅಲ್ಲಿ ಮುಂಗೋಣೆಯ ಧೂಳು ಒರೆಸಲು ಮಕ್ಕಳು ಗೊಣಗುವುದನ್ನು ಕಂಡು ತಾಯಿ ಮೂಲೆಮೂಲೆಗಳಲ್ಲಿ ಗುಂಡಿಗಳನ್ನು ಅಡಗಿಸಿಡುತ್ತಾಳೆ. ಎಲ್ಲ ಗುಂಡಿಗಳೂ ಸಿಕ್ಕರೆ ಒರೆಸಿದ್ದು ಸರಿಯಾಗಿದೆ ಎಂದರ್ಥ. ಬಳ್ಳಾರಿಯಲ್ಲಿರುವ ನನ್ನ ಗೆಳತಿಯ ಓಣಿಯಲ್ಲಿ ಮನೆಮನೆಗೆ ಜೀನ್ಸ್ ಹೊಲಿಗೆಯ ಕೆಲಸ ಬರುವುದರಿಂದ ಹಿತ್ತಾಳೆ ಬಣ್ಣದ ಗುಂಡಿಗಳಿಗೆ ಬರವಿಲ್ಲ. ಆಕೆ ಒಂದು ಹಿಡಿ ಕಳಿಸಿದಳು. ಎರಡು ದಿನ ನಮ್ಮ ಪಡಸಾಲೆ ಕನ್ನಡಿಯಂತಿತ್ತು. ಮೂರನೆಯ ದಿನ ಮಕ್ಕಳಿಗೆ ಉಪಾಯ ತಿಳಿಯಿತು. ಅದೇ ಪುಸ್ತಕದಲ್ಲಿ ಸಾರಾ ಎಂಬಾಕೆ ಗ್ರಂಥಾಲಯದ ಪುಸ್ತಕ ಕಳೆದುಹೋದಾಗ ಅದರ ಬೆಲೆಯನ್ನು ವಾರವಾರ ಪುಡಿಗಾಸಿನಲ್ಲಿ ತೀರಿಸುವ ಕಥೆಯಿದೆ. ಗ್ರಾಮ ಪಂಚಾಯಿತಿಯ ಗ್ರಂಥಾಲಯವಾದ ಅರಿವು ಕೇಂದ್ರದಲ್ಲಿ ಮಕ್ಕಳನ್ನು ಸದಸ್ಯರನ್ನಾಗಿ ಮಾಡಿಸುವ ಹಿಂದಿನ ದಿನ ಅದನ್ನು ಓದಿ.

ಸಮಯದ ಬಗ್ಗೆ ಹೆಚ್ಚು ಹೇಳುವುದಿಲ್ಲ. ದಿನಕ್ಕೆ ಅರ್ಧ ಗಂಟೆ, ವಾರಕ್ಕೆ ಐದು ದಿನ. ಹಿಂದಿನ ರಾತ್ರಿ ನೀವು ಒಮ್ಮೆ ಓದಿಕೊಂಡು ಬಿಡಬೇಕಾದ ಸಾಲುಗಳಿಗೆ ಗುರುತು ಹಾಕಿರಬೇಕು. ಮೊದಲ ಭಾಗದಲ್ಲಿ 23 ಅಧ್ಯಾಯಗಳಿವೆ, ಏಳು ವಾರಗಳಿಗೆ ಸರಿಹೋಗುತ್ತವೆ.

ಬೆತ್‌ಳ ವಿಚಾರದಲ್ಲಿ ಮೊದಲೇ ಯೋಚಿಸಿಟ್ಟುಕೊಳ್ಳಿ. ಬಡ ನೆರೆಮನೆಯ ಕೂಸಿನಿಂದ ಆಕೆಗೆ ಕೆಂಪುಜ್ವರ ಅಂಟುತ್ತದೆ. ಮೊದಲ ಭಾಗದಲ್ಲಿ ಬದುಕುಳಿಯುತ್ತಾಳೆ, ಎರಡನೆಯ ಭಾಗದಲ್ಲಿ ಸಾಯುತ್ತಾಳೆ. ಲೇಖಕಿಯ ತಂಗಿ ಎಲಿಜಬೆತ್ ಕೂಡ ಅದೇ ಜ್ವರದಿಂದ ಸೊರಗಿ 1858ರಲ್ಲಿ, 22ನೆಯ ವಯಸ್ಸಿನಲ್ಲಿ ತೀರಿಕೊಂಡಿದ್ದಳು. ಸುಳ್ಳು ಹೇಳಿ ಮುಂದಿನ ಭಾಗವನ್ನು ಮುಚ್ಚಿಡುವುದು ಸರಿಯಲ್ಲ, ಏಳು ವರ್ಷದವಳ ಮುಂದೆ ಅದನ್ನು ಓದುವುದೂ ಬೇಕಿಲ್ಲ. ತಂದೆ ಮನೆಗೆ ಮರಳಿ, ಮೆಗ್‌ಳ ಮದುವೆ ಗೊತ್ತಾಗುವಲ್ಲಿಗೆ ಮೊದಲ ಭಾಗ ಮುಗಿಯುತ್ತದೆ. ಜೋರು ಓದನ್ನು ಅಲ್ಲಿಗೇ ನಿಲ್ಲಿಸಿ. 1868ರಲ್ಲಿ ಓದುಗರೂ ಅಲ್ಲಿಯೇ ನಿಂತು, ಮುಂದೆ ಯಾರು ಯಾರನ್ನು ಮದುವೆಯಾದರೆಂದು ಪತ್ರ ಬರೆದು ಲೇಖಕಿಯನ್ನು ಪೀಡಿಸಿದ್ದರು; ಜೋಳನ್ನು ಪಕ್ಕದ ಮನೆಯ ಲಾರಿ ಎಂಬ ಹುಡುಗನಿಗೆ ಮದುವೆ ಮಾಡಿಕೊಡಲು ಆಕೆ ಕೊನೆಗೂ ಒಪ್ಪಲಿಲ್ಲ. ನಮ್ಮಲ್ಲೂ ಹದಿಮೂರರವಳು ಅದನ್ನೇ ಕೇಳಿದಳು. ಉತ್ತರ ಹೇಳದೆ, ಎರಡನೆಯ ಭಾಗವಿದ್ದ ಮೊಬೈಲನ್ನೂ ಇಂಗ್ಲಿಷ್-ಕನ್ನಡ ನಿಘಂಟನ್ನೂ ಅವಳ ಕೈಗೆ ಕೊಟ್ಟೆ. ನಿಘಂಟಿನಲ್ಲಿ ಪೆನ್ಸಿಲಿನ ಗುರುತುಗಳು ಈಗ ಅರ್ಧದವರೆಗೆ ಬಂದಿವೆ.