ಮೈನಸ್ ಮೂರು ಎಂದರೆ ಹಿಂದಕ್ಕೆ ಮೂರು ಹೆಜ್ಜೆ

ತುಮಕೂರಿನಲ್ಲಿ ಇಂಜಿನಿಯರಿಂಗ್ ಮೊದಲ ಸೆಮಿಸ್ಟರ್ ಓದುವಾಗ ಒಂದು ಇಂಟರ್ನಲ್‌ನಲ್ಲಿ ಪೋಲಾರ್ ನಿರ್ದೇಶಾಂಕದ (-3, 240°) ಬಿಂದುವನ್ನು ಗುರುತಿಸಲು ಕೇಳಿದ್ದರು. ಇದರಲ್ಲಿ ಮೊದಲನೆಯದು ಮೂಲಬಿಂದುವಿನಿಂದ ಇರುವ ದೂರ, ಅದೇ ಆರ್; ಎರಡನೆಯದು ತಿರುಗಬೇಕಾದ ಕೋನ, ಅದೇ ಥೀಟಾ. ನಾನು 240 ಡಿಗ್ರಿಗೆ ಗೆರೆ ಎಳೆದು, ಅದರ ಮೇಲೇ ಮೂರು ಅಳೆದು ಚುಕ್ಕಿ ಇಟ್ಟೆ. ಉತ್ತರ ತಪ್ಪಾಯಿತು. ದೂರ ಹೇಗೆ ಮೈನಸ್ ಆಗುತ್ತೆ ಅಂತ ಯಾರೂ ಬಿಡಿಸಿ ಹೇಳಿರಲಿಲ್ಲ, ಸೂತ್ರ ಮಾತ್ರ ಬರೆಸಿದ್ದರು.

ಆ ವಾರ ಮಧುಗಿರಿ ಕಡೆಯ ನಮ್ಮೂರಿಗೆ ಹೋದೆ. ಈಗೆಲ್ಲ ರಾಗಿ ತೆನೆಯನ್ನು ಟಾರು ರಸ್ತೆಗೇ ಹಾಸಿಬಿಡುತ್ತಾರೆ. ನಾನು ಚಿಕ್ಕವನಿದ್ದಾಗ ತಾತ ಕಣದ ನಡುವೆ ಮೇಟಿ ನೆಟ್ಟು ಎತ್ತು ತಿರುಗಿಸುತ್ತಿದ್ದರು. ಆ ಹಳೇ ಕಣದ ನಡುವೆ ಸುಮ್ನೆ ನಿಂತಾಗ ಹೊಳೆಯಿತು. ಮೇಟಿಯೇ ಮೂಲಬಿಂದು, ಹಗ್ಗದ ಉದ್ದವೇ ಆರ್, ಎತ್ತು ಎಷ್ಟು ಸುತ್ತಿದೆ ಅನ್ನೋದೇ ಥೀಟಾ. ಎತ್ತು ಪೂರ್ತಿ ಒಂದು ಸುತ್ತು ಬಂದರೆ ನಿಲ್ಲುವುದು ಮೊದಲಿನ ಜಾಗದಲ್ಲೇ ಅಲ್ವಾ? ಅದಕ್ಕೇ 60 ಡಿಗ್ರಿ ಮತ್ತು 420 ಡಿಗ್ರಿ ಎರಡೂ ಒಂದೇ ದಿಕ್ಕು.

ಮೈನಸ್ ಅನ್ನು ಕಾಲಲ್ಲೇ ಲೆಕ್ಕ ಮಾಡಿದೆ. ಪೂರ್ವಕ್ಕೆ ಮುಖ ಮಾಡಿ ನಿಂತೆ, ಅದು ಸೊನ್ನೆ ಡಿಗ್ರಿ. ಎಡಕ್ಕೆ 240 ಡಿಗ್ರಿ ತಿರುಗಿದೆ. ಮುಖ ಅತ್ತಲೇ ಇಟ್ಟು ಮೂರು ಹೆಜ್ಜೆ ಹಿಂದಕ್ಕೆ ನಡೆದೆ. ನಿಂತದ್ದು (3, 60°) ಜಾಗದಲ್ಲಿ! ಮೊದಲು ತಿರುಗು, ಆಮೇಲೆ ನಡೆ. ಬರೆಯುವಾಗ ಆರ್ ಮೊದಲು ಬಂದರೂ ಗುರುತಿಸುವಾಗ ಥೀಟಾ ಮೊದಲು. ಇಷ್ಟು ತಿಳಿದ ಮೇಲೆ ನಾನು ಮತ್ತೆ ತಪ್ಪಲಿಲ್ಲ.

ಈಗ ಸಂಜೆ ಹೊತ್ತು ಮನೆಯಲ್ಲಿ ಪಾಠ ಹೇಳುತ್ತೇನೆ. ತಾರಸಿ ಮೇಲೆ ದಾರ, ಸೀಮೆಸುಣ್ಣ ಹಿಡಿದು ಅಡಿಗೊಂದು ವೃತ್ತ, 30 ಡಿಗ್ರಿಗೊಂದು ಗೆರೆ ಹಾಕಿಸುತ್ತೇನೆ. (3, 60°) ಮೇಲೆ ಒಬ್ಬರನ್ನು ನಿಲ್ಲಿಸಿ, ಉಳಿದವರು ಅದೇ ಜಾಗಕ್ಕೆ ಬೇರೆ ಹೆಸರು ಹುಡುಕಬೇಕು. (3, -300°), (-3, 240°), (-3, -120°) ಹೀಗೆ ಬರುತ್ತಲೇ ಇರುತ್ತವೆ. ಆರ್ ಹಾಗೇ ಇದ್ದರೆ 360ರ ಲೆಕ್ಕದಲ್ಲಿ ಕೂಡಿಸಿ ಅಥವಾ ಕಳೆಯಿರಿ. ಆರ್ ಚಿಹ್ನೆ ಬದಲಾದರೆ ಅದರ ಜೊತೆಗೆ ಒಂದು 180 ಕೂಡಿಸಿ. ಅನುಮಾನ ಬಂದರೆ ಎಕ್ಸ್, ವೈ ಕಂಡುಹಿಡಿಯಿರಿ. ಈ ನಾಲ್ಕಕ್ಕೂ ಎಕ್ಸ್ 1.5, ವೈ ಸುಮಾರು 2.6 ಬರಲೇಬೇಕು.

ಒಂದೇ ಬಿಂದುವಿಗೆ ಇಷ್ಟೊಂದು ಹೆಸರು ಯಾಕೆ ಬೇಕು ಅಂತ ಮಕ್ಕಳು ಕೇಳುತ್ತಾರೆ. ಒಳ್ಳೆಯ ಪ್ರಶ್ನೆ. ಆಗ ಎರಡು ಕಾರ್ಡಿಯಾಯ್ಡ್ (ಹೃದಯದ ಆಕಾರದ ವಕ್ರರೇಖೆ) ಬರೆಸುತ್ತೇನೆ: ಆರ್ = 1 + ಕಾಸ್ ಥೀಟಾ, ಆರ್ = 1 - ಕಾಸ್ ಥೀಟಾ. ಎರಡನ್ನೂ ಸಮ ಮಾಡಿದರೆ ಕಾಸ್ ಥೀಟಾ ಸೊನ್ನೆ. ಅಲ್ಲಿಗೆ (1, 90°), (1, 270°) ಎರಡೇ ಸಿಗುತ್ತವೆ. ಚಿತ್ರದಲ್ಲಿ ನೋಡಿದರೆ ಮೂಲಬಿಂದುವಿನಲ್ಲೂ ಎರಡು ರೇಖೆಗಳು ಸೇರುತ್ತವೆ! ಮೊದಲನೆಯದು ಅಲ್ಲಿಗೆ ಬರುವುದು 180 ಡಿಗ್ರಿಯಲ್ಲಿ, ಎರಡನೆಯದು ಸೊನ್ನೆ ಡಿಗ್ರಿಯಲ್ಲಿ. ಆರ್ ಸೊನ್ನೆಯಾದರೆ ಥೀಟಾ ಎಷ್ಟಿದ್ದರೂ ಜಾಗ ಒಂದೇ, ಆದರೆ ಸಮೀಕರಣಕ್ಕೆ ಅದು ಕಾಣುವುದಿಲ್ಲ. ಅದಕ್ಕೇ ಛೇದಬಿಂದು ಕೇಳಿದಾಗೆಲ್ಲ ನನ್ನ ಮಕ್ಕಳು ಮೊದಲು ಚಿತ್ರ ಬರೆಯುತ್ತಾರೆ, ಮೂಲಬಿಂದುವನ್ನು ಬೇರೆಯಾಗಿ ನೋಡುತ್ತಾರೆ.