ರಿಟ್ ವಾಪಸ್ ಪಡೆದೆವು, ದಾರಿ ಮುಚ್ಚಿಕೊಳ್ಳಲಿಲ್ಲ: ನನ್ನ ಅನುಭವ

ಧಾರವಾಡದ ಹೈಕೋರ್ಟ್ ಪೀಠದಲ್ಲಿ ನನ್ನ ಕೈಗೆ ಬರುವ ಕೇಸುಗಳಲ್ಲಿ ಜಾಸ್ತಿ ಜಮೀನಿನವೇ. ಇದೂ ಅಷ್ಟೇ. ಗದಗ ಕಡೆಯ ಹಿರಿಯ ರೈತರೊಬ್ಬರಿಗೆ ನೋಟಿಸೇ ಕೊಡದೆ ಉತಾರದಲ್ಲಿ (ಪಹಣಿಯಲ್ಲಿ) ಹೆಸರು ಬದಲಾಗಿತ್ತು. ನೇರವಾಗಿ ಹೈಕೋರ್ಟಿನಲ್ಲೇ ರಿಟ್ (ಸರ್ಕಾರಿ ಅಧಿಕಾರಿಗಳ ಕ್ರಮ ಪ್ರಶ್ನಿಸುವ ಅರ್ಜಿ) ಹಾಕಿದ್ದೆವು, ತಡೆಯಾಜ್ಞೆಯೂ ಸಿಕ್ಕಿತ್ತು.

ಅಂತಿಮ ವಾದಕ್ಕೆ ಬಂದ ದಿನ ಸರ್ಕಾರಿ ವಕೀಲರು ಒಂದೇ ಮಾತು ಹೇಳಿದರು: ಭೂಕಂದಾಯ ಕಾಯ್ದೆಯ 136(2)ರಲ್ಲಿ ಎಸಿ (ಉಪವಿಭಾಗಾಧಿಕಾರಿ) ಮುಂದೆ ಅಪೀಲಿದೆ, ಇಲ್ಲಿಗೇಕೆ ಬಂದರು? ನ್ಯಾಯಮೂರ್ತಿಗಳೂ ತಲೆಯಾಡಿಸಿದರು. ಇಂಥ ಹೊತ್ತಲ್ಲಿ ಹಟ ಹಿಡಿದು ವಾದಿಸಿದರೆ ಕೇಸಿನ ತಿರುಳಿನ ಬಗ್ಗೆಯೇ ನಾಲ್ಕು ಸಾಲು ಬರೆದು ವಜಾ ಮಾಡಬಹುದು. ಆ ಸಾಲು ಎಸಿ ಕಚೇರಿವರೆಗೂ ಬೆನ್ನು ಬಿಡುವುದಿಲ್ಲ. ಪಾಸ್ ಓವರ್ ಕೇಳಿ, ಅಂದರೆ ಸ್ವಲ್ಪ ಹೊತ್ತು ಬಿಟ್ಟು ಕೇಸು ಕರೆಯಿರಿ ಎಂದು ಕೋರಿ, ಹೊರಗೆ ಬಂದೆ.

“ವಾಪಸ್ ತಗೊಂಡ್ರ ಸೋತಂಗ ಆಗೂದಿಲ್ಲೇನ್ರಿ ವಕೀಲ್ ಸಾಹೇಬ್ರ?” ಅಂದರು ಆ ರೈತರು. ಸುಮ್ನೆ ವಾಪಸ್ ಪಡೆದರೆ ಕಷ್ಟವೇ. ಸುಪ್ರೀಂ ಕೋರ್ಟಿನ 1986ರ ಸರ್ಗುಜಾ ಟ್ರಾನ್ಸ್‌ಪೋರ್ಟ್ ತೀರ್ಪಿನ ಪ್ರಕಾರ, ಅನುಮತಿ ಇಲ್ಲದೆ ಹಿಂಪಡೆದ ರಿಟ್ಟನ್ನು ಅದೇ ವಿಷಯಕ್ಕೆ ಮತ್ತೆ ಹೈಕೋರ್ಟಿನಲ್ಲಿ ಹಾಕುವಂತಿಲ್ಲ. ದಾವೆಯಂಥ ಬೇರೆ ದಾರಿಗಳನ್ನು ಆ ತೀರ್ಪು ಮುಚ್ಚಿಲ್ಲ, ನಿಜ. ಆದರೆ ಎದುರು ಪಾರ್ಟಿ ವಕೀಲರು ಕೆಳಗೆ ಅದನ್ನೇ ಹಿಡಿದು ಎಳೆದಾಡುತ್ತಾರೆ. ಆದ್ದರಿಂದ ಎಲ್ಲವೂ ಆದೇಶದಲ್ಲೇ ಬರಬೇಕು.

ಕೋರ್ಟಿಗೆ ಕೊಡಲು ಕೈಯಲ್ಲೇ ಮೆಮೊ (ಚಿಕ್ಕ ಲಿಖಿತ ಕೋರಿಕೆ) ಬರೆದೆ. ಕಾನೂನಿನಲ್ಲಿರುವ ಬೇರೆ ಪರಿಹಾರ ಪಡೆಯುವ ಸ್ವಾತಂತ್ರ್ಯ ಉಳಿಸಿಕೊಂಡು ರಿಟ್ ಹಿಂಪಡೆಯುತ್ತೇವೆ. ಎರಡೂ ಕಡೆಯ ವಾದಗಳು ಮುಕ್ತವಾಗಿರಲಿ. ದೃಢೀಕೃತ ನಕಲುಗಳನ್ನು ಹಿಂದಿರುಗಿಸಲಿ. ‘ಅಪೀಲು’ ಎಂದಷ್ಟೇ ಬರೆಯಲಿಲ್ಲ, ಮುಂದೆ ಸಿವಿಲ್ ದಾವೆಯೂ ಬೇಕಾಗಬಹುದಲ್ವಾ? ರೈತರ ಸಹಿಯನ್ನೂ ಹಾಕಿಸಿದೆ. ನಾಳೆ ‘ನನಗೆ ಗೊತ್ತೇ ಇರಲಿಲ್ಲ’ ಎಂಬ ಮಾತು ಬರಬಾರದು.

ನ್ಯಾಯಮೂರ್ತಿಗಳು ಆದೇಶದ ಡಿಕ್ಟೇಶನ್ ಮುಗಿಸುವವರೆಗೂ ನಾನು ಕೂರಲಿಲ್ಲ. ‘ಹಿಂಪಡೆದಿದ್ದರಿಂದ ವಜಾ’ ಎಂದು ನಿಂತರು. ಮೆಮೊದ ಸಾಲನ್ನು ಮೆಲ್ಲಗೆ ನೆನಪಿಸಿದೆ, ಸೇರಿಸಿದರು. ಅಪ್‌ಲೋಡ್ ಆದ ಆದೇಶವನ್ನೂ ಓದಿ ನೋಡಿದೆ. ಅದರಲ್ಲಿ ಬಿಟ್ಟುಹೋಗಿದ್ದರೆ ‘ಬೀಯಿಂಗ್ ಸ್ಪೋಕನ್ ಟು’ಗೆ (ಆದೇಶದ ತಿದ್ದುಪಡಿಗಾಗಿ ಕೇಸನ್ನು ಮತ್ತೆ ಅದೇ ಪೀಠದ ಮುಂದೆ ತರುವುದಕ್ಕೆ) ಹಾಕಿಸಿ ತಕ್ಷಣ ತಿದ್ದಿಸಬೇಕಿತ್ತು, ತಿಂಗಳುಗಟ್ಟಲೆ ಬಿಟ್ಟು ಹೋದರೆ ಯಾರಿಗೂ ನೆನಪಿರುವುದಿಲ್ಲ.

ತಡೆಯಾಜ್ಞೆಯನ್ನು ಕೆಲವು ವಾರ ಮುಂದುವರಿಸಿ ಎಂದೂ ಕೇಳಿದ್ದೆ. ‘ಎಸಿಯನ್ನೇ ಕೇಳಿ’ ಅಂದರು. ರಿಟ್ ಹೋದರೆ ತಡೆಯಾಜ್ಞೆಯೂ ಹೋದಂತೆ. ಹಾಗಾಗಿ ಅಪೀಲು, ತಡೆಯಾಜ್ಞೆ ಅರ್ಜಿ ಎರಡನ್ನೂ ಮೊದಲೇ ಟೈಪ್ ಮಾಡಿಸಿಟ್ಟಿದ್ದೆ.

ಸ್ವಾತಂತ್ರ್ಯ ಕೊಟ್ಟ ಮಾತ್ರಕ್ಕೆ ಕಾನೂನಿನ ಗಡುವು (ವಾಯಿದೆ) ನಿಲ್ಲುವುದಿಲ್ಲ. ಅಪೀಲಿಗೆ 60 ದಿನ, ಅದು ಎಂದೋ ಕಳೆದಿತ್ತು. ಲಿಮಿಟೇಶನ್ ಕಾಯ್ದೆಯ 5ನೇ ಕಲಂ ಅಡಿ ವಿಳಂಬ ಮನ್ನಾ ಅರ್ಜಿ ಕೊಟ್ಟೆ. ರಿಟ್ ಹಾಕಿದ ದಿನ, ವಾಪಸ್ ಪಡೆದ ದಿನ, ಮಧ್ಯದ ಅವಧಿಯಲ್ಲಿ ಪ್ರಾಮಾಣಿಕವಾಗಿ ಇನ್ನೊಂದು ಕೋರ್ಟಿನಲ್ಲಿ ಓಡಾಡಿದ್ದನ್ನು ಪ್ರಮಾಣಪತ್ರದಲ್ಲಿ ಬರೆದು ಆದೇಶದ ಪ್ರತಿ ಲಗತ್ತಿಸಿದೆ. ವಿಳಂಬ ಮನ್ನಾ ಆಯಿತು, ಅಪೀಲು ಈಗ ವಾದಕ್ಕಿದೆ. ಮಾಲೀಕತ್ವದ ಪ್ರಶ್ನೆಯನ್ನು ಎಸಿ ತೀರ್ಮಾನಿಸಲಾರರು. ಅದಕ್ಕೆ ಸಿವಿಲ್ ಕೋರ್ಟಿನ ದಾವೆ ತಯಾರಾಗುತ್ತಿದೆ.