ಕೊಬ್ಬರಿ ಸರ ಕಟ್ಟುವುದು ಹೇಗೆ

ಬಲಿಪಾಡ್ಯಮಿ ಬಂತೆಂದರೆ ನಮ್ಮ ಹಾವೇರಿ, ಶಿವಮೊಗ್ಗ ಸೀಮೆಯಲ್ಲಿ ಹೋರಿ ಬೆದರಿಸುವ ಹಬ್ಬ. ಕೊರಳಿಗೆ ಕೊಬ್ಬರಿ ಸರ ಕಟ್ಟಿದ ಹೋರಿಯನ್ನು ಅಖಾಡದಲ್ಲಿ ಓಡಲು ಬಿಡುತ್ತಾರೆ; ಸರ ಕಿತ್ತವನು ಗೆದ್ದ, ಯಾರ ಕೈಗೂ ಸಿಗದಿದ್ದರೆ ಹೋರಿ ಗೆದ್ದಿತು. ಮೊದಲ ಸಲ ಹೋರಿ ಬಿಡುವ ಹುಡುಗರು ಬಂದು ಪೀಪಿ, ಅಂದರೆ ಹೋರಿಗೆ ಕಟ್ಟುವ ಅಲಂಕಾರದ ಕೋಲು, ಎಷ್ಟು ಎತ್ತರ ಕಟ್ಟಬೇಕು, ಯಾವ ಬಣ್ಣದ ಬಲೂನು ಚೆಂದ ಎಂದು ಕೇಳುತ್ತಾರೆ. ಕೊಬ್ಬರಿ ಸರದ ಮಾತನ್ನು ಯಾರೂ ಎತ್ತುವುದಿಲ್ಲ. ಅಖಾಡದಲ್ಲಿ ಅಷ್ಟು ಕೈಗಳು ಹೋರಿಯ ಮೇಲೆ ಬೀಳುವುದು ಅದಕ್ಕಾಗಿಯೇ ಅಲ್ಲವೇ?

ಚೆನ್ನಾಗಿ ಒಣಗಿದ ಬಟ್ಟಲುಗಳನ್ನೇ ಆರಿಸಿ. ದಬ್ಬಣದಿಂದ ಅಂಚಿನಿಂದ ಒಂದು ಬೆರಳು ಒಳಗೆ ತೂತು ಹಾಕಿ. ಅಂಚಿಗೇ ಚುಚ್ಚಿದರೆ ಹೋರಿ ನಾಲ್ಕು ನೆಗೆತ ನೆಗೆಯುವಷ್ಟರಲ್ಲಿ ಕೊಬ್ಬರಿ ಸೀಳಿ ಉದುರುತ್ತದೆ. ದಾರ ಹತ್ತಿಯದ್ದೇ ಇರಲಿ, ಎರಡೆಳೆ ಸಾಕು. ನೈಲಾನ್ ಕಟ್ಟಿದರೆ ಸರ ಯಾರ ಕೈಗೂ ಕಿತ್ತು ಬರುವುದಿಲ್ಲ ಎನ್ನುವವರಿದ್ದಾರೆ. ಬರುವುದಿಲ್ಲ, ನಿಜ. ಹಿಡಿದವನ ಬೆರಳು ಅದರಲ್ಲಿ ಸಿಕ್ಕಿಕೊಂಡರೆ ಅವನೂ ಹೋರಿಯ ಹಿಂದೆಯೇ ಹೋಗುತ್ತಾನೆ, ಹೋರಿಯ ಕುತ್ತಿಗೆಯೂ ಕೊಯ್ಯುತ್ತದೆ. ಅಂಥ ಗೆಲುವು ನನಗೆ ಬೇಡ.

ಉದ್ದವನ್ನು ಹೋರಿ ಮೇವಿಗೆ ತಲೆ ತಗ್ಗಿಸಿದಾಗ ಅಳೆಯಿರಿ. ಮೊದಲ ವರ್ಷ ನಾನು ಅದು ತಲೆ ಎತ್ತಿ ನಿಂತಾಗ ಅಳೆದಿದ್ದೆ. ಅಖಾಡದಲ್ಲಿ ತಲೆ ತಗ್ಗಿಸಿದ ಕೂಡಲೇ ಸರ ಕೆಳಗೆ ಜಾರಿ ಮುಂಗಾಲಿಗೆ ತೊಡರಿಕೊಂಡಿತು, ಹೋರಿ ಮುಗ್ಗರಿಸಿತು. ಪೀಪಿ ಮುರಿಯಿತಲ್ಲ ಎಂದು ಊರವರು ಮರುಗುತ್ತಿದ್ದರೆ ನಾನು ಮಣ್ಣಿನಲ್ಲಿ ಕೂತು ಅದರ ಮೊಣಕಾಲು ಸವರಿ ನೋಡುತ್ತಿದ್ದೆ.

ಹಬ್ಬಕ್ಕೆ ಒಂದು ತಿಂಗಳು ಮೊದಲೇ ಬಟ್ಟಲುಗಳ ಹಗುರ ಸರ ಹಾಕಿ ಓಡಾಡಿಸಿ, ಆ ಕಟಕಟ ಸದ್ದು ರೂಢಿಯಾಗಲಿ. ಕೆರೆಯಲ್ಲಿ ಈಜಿಸುವುದು, ಹುರುಳಿ ಬೇಯಿಸಿ ಹಾಕುವುದು ಎಲ್ಲರಿಗೂ ಗೊತ್ತಿರುವುದೇ. ಹೆಂಡ ಕುಡಿಸಿ ಎನ್ನುವವರನ್ನು ಮಾತ್ರ ಕೊಟ್ಟಿಗೆಯ ಹತ್ತಿರ ಸೇರಿಸಬೇಡಿ.

ಅಖಾಡದ ಆಚೆ ತುದಿಯಲ್ಲಿ ಹೋರಿಗೆ ದಿನವೂ ಮೇವು ಹಾಕುವವರು ನಿಂತಿರಬೇಕು. ಬಲವಂತ ಗಂಡಸರು ಹತ್ತು ಮಂದಿ ಹಗ್ಗ ಹಿಡಿದು ನಿಂತರೂ ನಮ್ಮದು ನಿಲ್ಲುವುದಿಲ್ಲ. ಅವ್ವ ಹುರುಳಿಯ ಬುಟ್ಟಿ ಅಲ್ಲಾಡಿಸಿದರೆ ಸಾಕು, ಬುಸುಗುಡುತ್ತಲೇ ಬಂದು ಮೂತಿ ಇಡುತ್ತದೆ. ಆಗ ಮೊದಲು ಕತ್ತರಿಯಿಂದ ಸರ ಕತ್ತರಿಸಿ. ಫೋಟೊ ಆಮೇಲೆ.